ದಂಡ ಕಟ್ಟಿ, ಆದೇಶ ಕೇಳಿ

ಉತ್ತರ ಭಾರತಕ್ಕೆ ಹೊರಟ ಅಡಿಕೆ ಲೋಡನ್ನು ದಾರಿಯಲ್ಲಿ ತಡೆದರು ಅಂತ ಸುದ್ದಿ ಬಂದಾಗ ಮಂಡಿಯವರು ನನ್ನನ್ನು ಮೊದಲು ಕೇಳುವುದು ಒಂದೇ ಮಾತು: "ಎಷ್ಟು ಕಟ್ಟಿದ್ರೆ ಬಿಡ್ತಾರೆ ಸಾರ್?" ಶಿವಮೊಗ್ಗ, ಚನ್ನಗಿರಿ ಕಡೆಯ ವರ್ತಕರ ತೆರಿಗೆ ಕಾಗದಪತ್ರ ನೋಡಿಕೊಳ್ಳುವ ನನಗೆ ಆ ಅವಸರ ಅರ್ಥವಾಗುತ್ತದೆ. ಲಾರಿ ನಿಂತರೆ ಬಾಡಿಗೆ ಏರುತ್ತದೆ. ಮಳೆಗಾಲವಾದರೆ ಮಾಲು ತೇವ ಹಿಡಿಯುತ್ತದೆ. ಡ್ರೈವರ್ ಗುರುತಿಲ್ಲದ ಊರಲ್ಲಿ ರಸ್ತೆ ಬದಿ ಮಲಗುತ್ತಾನೆ. ವಾದ ಎಷ್ಟೇ ಗಟ್ಟಿಯಿರಲಿ, ನಿಂತ ಲಾರಿಯ ಮುಂದೆ ವರ್ತಕ ಸೋಲುತ್ತಾನೆ.

ಹಾಗಾಗಿ ಕಟ್ಟಲೇಬೇಡಿ ಅಂತ ನಾನು ಯಾರಿಗೂ ಹೇಳುವುದಿಲ್ಲ. ಅಡಿಕೆಗೆ ಶೇ. 5 ತೆರಿಗೆ. ಜಿಎಸ್‌ಟಿ ಕಾಯ್ದೆಯಲ್ಲಿ ದಾರಿಯಲ್ಲಿ ಮಾಲು ತಡೆಯುವ ಬಗ್ಗೆ ಇರುವ 129ನೇ ಕಲಮು 2022ರ ಜನವರಿ 1ರಿಂದ ಬದಲಾದ ಮೇಲೆ, ಮಾಲೀಕರು ಮುಂದೆ ಬಂದರೆ ತೆರಿಗೆಯ ಎರಡರಷ್ಟು ದಂಡ. 50 ಲಕ್ಷದ ಲೋಡಿಗೆ 5 ಲಕ್ಷ. ಯಾರೂ ಬಾರದಿದ್ದರೆ ಮಾಲಿನ ಬೆಲೆಯ ಅರ್ಧ, 25 ಲಕ್ಷ. ಇನ್‌ವಾಯ್ಸ್ ಜೊತೆಗಿದ್ದರೆ ಕಳಿಸಿದವರನ್ನೋ ತರಿಸಿಕೊಂಡವರನ್ನೋ ಮಾಲೀಕರೆಂದು ಒಪ್ಪಬೇಕು ಅಂತ 2018ರ ಡಿಸೆಂಬರ್ ಸುತ್ತೋಲೆಯೇ ಹೇಳಿದೆ. ಅದನ್ನು ಹಿಡಿದು ನಿಂತರೆ 20 ಲಕ್ಷ ಉಳಿಯುತ್ತದೆ.

ಸಣ್ಣ ಚೂಕಿಗಂತೂ 129ನೇ ಕಲಮೇ ಬೇಕಿಲ್ಲ. ಇ-ವೇ ಬಿಲ್ಲಿನಲ್ಲಿ ಲಾರಿ ನಂಬರಿನ ಒಂದೆರಡು ಅಂಕಿ ತಪ್ಪಿದ್ದರೆ, ಜಿಎಸ್‌ಟಿ ನಂಬರು ಸರಿಯಿದ್ದು ಹೆಸರಿನ ಕಾಗುಣಿತ ಕೆಟ್ಟಿದ್ದರೆ ಕೇಂದ್ರಕ್ಕೆ 500, ರಾಜ್ಯಕ್ಕೆ 500 ರೂಪಾಯಿ ದಂಡ ಸಾಕು ಅಂತ 2018ರ ಸೆಪ್ಟೆಂಬರ್ 14ರ ಸುತ್ತೋಲೆ ಇದೆ. ಇದರ ಪ್ರತಿಯನ್ನು ಡ್ರೈವರ್ ಕೈಯಲ್ಲಿ ಕೊಟ್ಟೇ ಕಳಿಸಿ.

ನಿಜವಾದ ತೊಡಕು ಹಣ ಕಟ್ಟಿದ ಮೇಲೆ ಶುರುವಾಗುತ್ತದೆ. ಕಟ್ಟಿದರೆ ನಡಾವಳಿ ಮುಗಿದಂತೆ ಅನ್ನುತ್ತದೆ 129ರ ಐದನೇ ಉಪಕಲಮು. ಅದನ್ನೇ ನೆಪ ಮಾಡಿಕೊಂಡು ಎಷ್ಟೋ ಕಡೆ ಲಾರಿ ಬಿಡುವ ಎಂಒವಿ-05 ನಮೂನೆ ಕೊಡುತ್ತಾರೆ, ದಂಡ ಯಾಕೆ ಅಂತ ಕಾರಣ ಬರೆಯಬೇಕಾದ ಎಂಒವಿ-09 ಆದೇಶ ಮಾತ್ರ ಕೊಡುವುದಿಲ್ಲ. ಆದೇಶವೇ ಇಲ್ಲದಿದ್ದರೆ ಯಾವುದರ ಮೇಲೆ ಅಪೀಲು ಹೋಗುವುದು? ಇದು ನನ್ನನ್ನು ಬಹಳ ಕಾಲ ಸಂಕಟಕ್ಕೆ ದೂಡಿದ ಪ್ರಶ್ನೆ.

2025ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ಉತ್ತರ ಕೊಟ್ಟಿತು. ಪ್ರಕರಣ ನಮ್ಮವರದ್ದೇ. ಕರ್ನಾಟಕದ ಎಎಸ್‌ಪಿ ಟ್ರೇಡರ್ಸ್ ದೆಹಲಿಗೆ ಕಳಿಸಿದ ಅಡಿಕೆ ಝಾನ್ಸಿಯಲ್ಲಿ ತಡೆಯಲ್ಪಟ್ಟಿತ್ತು. ಅವರು ಆಕ್ಷೇಪಣೆ ಸಲ್ಲಿಸಿ, ಹಣ ಕಟ್ಟಿ, ಮಾಲು ಬಿಡಿಸಿಕೊಂಡಿದ್ದರು. ಆದೇಶ ಕೊಡಿ ಅಂತ ಕೇಳಿದಾಗ ಅಲಹಾಬಾದ್ ಹೈಕೋರ್ಟ್ ಒಪ್ಪಲಿಲ್ಲ. ವ್ಯಾಪಾರದ ಒತ್ತಡಕ್ಕೆ ಹಣ ಕಟ್ಟಿದ ಮಾತ್ರಕ್ಕೆ ಹಕ್ಕು ಬಿಟ್ಟುಕೊಟ್ಟಂತಲ್ಲ, ಕಾರಣಸಹಿತ ಆದೇಶ ಬರೆದೇ ಕೊಡಬೇಕು ಎಂದಿತು ಸುಪ್ರೀಂ ಕೋರ್ಟ್. ನಿಂತ ಲಾರಿಯ ಸಂಕಟ ತೀರ್ಪಿನೊಳಗೆ ಬಂದದ್ದು ನನಗೆ ದೊಡ್ಡ ಸಮಾಧಾನ.

ಆದ್ದರಿಂದ ದಂಡದ ಎಂಒವಿ-07 ನೋಟಿಸು ಬಂದ ಕೂಡಲೇ, ಹಣ ಕಟ್ಟುವ ದಿನವೇ ಆದರೂ, ಲಿಖಿತ ಆಕ್ಷೇಪಣೆ ಕೊಡಿ. 'ಮಾಲು ಬಿಡಿಸಲಿಕ್ಕಷ್ಟೇ ಕಟ್ಟುತ್ತಿದ್ದೇವೆ, ತಪ್ಪು ಒಪ್ಪಿಲ್ಲ' ಅಂತ ಬರೆದು ಸ್ವೀಕೃತಿ ಪಡೆಯಿರಿ. 'ತಪ್ಪಾಗಿದೆ' ಅಂತ ಬರೆದ ಕಾಗದಕ್ಕೆ ಡ್ರೈವರ್ ಸಹಿ ಹಾಕದಂತೆ ಮೊದಲೇ ತಿಳಿಸಿ. ಭಾಷೆ ಬಾರದವರ ಸಹಿ ಮುಂದೆ ನಮ್ಮ ವಿರುದ್ಧವೇ ಸಾಕ್ಷಿಯಾಗುತ್ತದೆ. ತಡೆದ ಏಳು ದಿನದೊಳಗೆ ನೋಟಿಸು, ನೋಟಿಸು ತಲುಪಿದ ಏಳು ದಿನದೊಳಗೆ ಆದೇಶ ಬರಬೇಕು. ತಾರೀಕುಗಳನ್ನು ಬರೆದಿಟ್ಟುಕೊಳ್ಳಿ. ಆದೇಶ ಕೈಗೆ ಬಂದ ಮೂರು ತಿಂಗಳೊಳಗೆ ಅಪೀಲು ಹಾಕಬಹುದು.