ಆರಿದ್ರಾ ಎಲ್ಲಿದೆ ಸಾಮಿ?

2020ರ ಜನವರಿ. ಚಿತ್ರದುರ್ಗ ಜಿಲ್ಲೆಯ ಒಂದು ಹೈಸ್ಕೂಲಿನ ಮೈದಾನದಲ್ಲಿ ಟೆಲಿಸ್ಕೋಪ್ ಹೂಡಿಕೊಂಡು ನಿಂತಿದ್ದೆ. ಖಗೋಳ ವಿಜ್ಞಾನವನ್ನು ಜನರಿಗೆ ಮುಟ್ಟಿಸುತ್ತೇನೆಂದು ಊರೂರು ಅಲೆಯುತ್ತಿದ್ದ ದಿನಗಳು. ಮಹಾಸ್ಫೋಟ, ಕಪ್ಪುಕುಳಿ ಎಲ್ಲ ನಾಲಿಗೆಯ ತುದಿಯಲ್ಲೇ. ಮಕ್ಕಳು ಸಾಲಾಗಿ ಬಂದು ಚಂದ್ರನ ಕುಳಿಗಳನ್ನು ನೋಡಿ ಕೂಗಿಕೊಂಡು ಹೋದರು. ಕಡೆಗೆ ಕಂಬಳಿ ಹೊದ್ದ ಅಜ್ಜ ಒಬ್ಬರು ಬಂದು, "ಆರಿದ್ರಾ ಎಲ್ಲಿದೆ ಸಾಮಿ?" ಅಂದರು.

ಪೂರ್ವಕ್ಕೆ ಕೈ ತೋರಿದೆ. ಒಂದೇ ಗೆರೆಯಲ್ಲಿ ಮೂರು ಚುಕ್ಕಿ, ಅದರ ಎಡಕ್ಕೆ ಕೆಂಪಗೆ ಇನ್ನೊಂದು. ಅಷ್ಟು ಹೇಳಿ ಸುಮ್ಮನಿರಬೇಕಿತ್ತು. ಆ ತಿಂಗಳು ಖಗೋಳದವರ ಬಾಯಲ್ಲೆಲ್ಲ ಅದೇ ನಕ್ಷತ್ರ. "ಅದೀಗ ಮಂಕಾಗ್ತಿದೆ ಅಜ್ಜ, ಒಂದು ದಿನ ಸಿಡಿದೇ ಹೋಗುತ್ತೆ" ಎಂದುಬಿಟ್ಟೆ.

ಅಜ್ಜನ ಮುಖ ಸಣ್ಣದಾಯಿತು. "ಆರಿದ್ರಾನೇ ಹೋದ್ರೆ ಮಳೆ ಗತಿ?"

ನಗು ಬಂತು, ನುಂಗಿಕೊಂಡೆ. ಆರಿದ್ರಾ ಹುಯ್ಯದಿದ್ದರೆ ದಾರಿದ್ರ್ಯ ಎನ್ನುವ ಸೀಮೆ ಅದು. ಶೇಂಗಾ ಬಿತ್ತುವವರಿಗೆ ಅದು ಬರಿಯ ಚುಕ್ಕಿಯಲ್ಲ. ಲೆಕ್ಕ ತಪ್ಪಿದ್ದು ನನ್ನದೇ.

ಸ್ಲೈಡುಗಳನ್ನು ಮುಚ್ಚಿಟ್ಟೆ. ಒಬ್ಬ ಹುಡುಗನ ಕೈಗೆ ಟಾರ್ಚ್ ಕೊಟ್ಟು ಮೈದಾನದ ನಡುವೆ ನಿಲ್ಲಿಸಿದೆ, ಅವನು ಸೂರ್ಯ. ಕೆಂಪು ಸ್ವೆಟರಿನ ಹುಡುಗಿ ಬೇಲಿಯ ಹತ್ತಿರ ಆರಿದ್ರಾ. ಅಜ್ಜನೇ ಭೂಮಿ. ಟಾರ್ಚಿಗೆ ಬೆನ್ನು ಹಾಕಿ ಹುಡುಗಿಯ ಕಡೆ ತಿರುಗಿದಾಗ ಅವಳು ಚೆನ್ನಾಗಿ ಕಂಡಳು. ಅದು ಜನವರಿಯ ರಾತ್ರಿ. ಅರ್ಧ ಸುತ್ತು ನಡೆದು ಆಚೆ ನಿಂತಾಗ ಟಾರ್ಚ್ ನಡುವೆ ಬಂತು, ಕಣ್ಣು ಕೋರೈಸಿತು, ಹುಡುಗಿ ಮಾಯ. ಅದು ಜೂನ್. ಸೂರ್ಯ ಆರಿದ್ರಾ ಭಾಗದಲ್ಲಿ ಇರುವುದು ಜೂನ್ 21-22ರಿಂದ ಸುಮಾರು 14 ದಿನ. ವರ್ಷಕ್ಕೆ ಇಂಥ 27 ಪಾಲು. ಮಳೆ ತರುವುದು ಮುಂಗಾರಿನ ಗಾಳಿ, ನಕ್ಷತ್ರ ದಿನ ಎಣಿಸಲು ಹಿರಿಯರು ಇಟ್ಟುಕೊಂಡ ಗುರುತು ಎಂದೆ.

ಅಜ್ಜ ಸ್ವಲ್ಪ ಹೊತ್ತು ಅಲ್ಲೇ ನಿಂತರು. "ಅದಕ್ಕೇ ಇಷ್ಟು ವರ್ಷ ಆರಿದ್ರಾ ಮಳೆಯಲ್ಲಿ ನೆಂದರೂ ಆರಿದ್ರಾನ ಕಾಣಲಿಲ್ಲ ಅನ್ನಿ."

ನನಗೆ ಇಷ್ಟು ಚೊಕ್ಕವಾಗಿ ಹೇಳಲು ಬಂದಿರಲಿಲ್ಲ.

ಫೆಬ್ರವರಿ ಕಳೆದ ಮೇಲೆ ನಕ್ಷತ್ರ ಮತ್ತೆ ಬೆಳಗಿತು. ತಾನೇ ಉಗುಳಿದ ಅನಿಲ ತಣಿದು ದೂಳಾಗಿ ಅದನ್ನು ಮರೆಮಾಡಿತ್ತು. ನಾವು ನೋಡಿದ್ದು ಹಳೆಯ ಸುದ್ದಿ ಬೇರೆ; ಆ ಬೆಳಕು ಅಲ್ಲಿಂದ ಹೊರಟದ್ದು ಹೆಚ್ಚುಕಡಿಮೆ ವಿಜಯನಗರದ ಅರಸರ ಕಾಲದಲ್ಲಿ. ಸಿಡಿಯುವುದು ನಿಜ, ಆದರೆ ಇನ್ನೂ ಲಕ್ಷ ವರ್ಷ ಹಿಡಿಯಬಹುದು. ಈ ಮಾತನ್ನು ಅಂದು ಅಜ್ಜನಿಗೆ ಹೇಳದೆ ಬಂದದ್ದು ಈಗಲೂ ಚುಚ್ಚುತ್ತದೆ.

ಈಗ ಎಲ್ಲಿಗೇ ಹೋಗಲಿ, ಮೊದಲು ಮಳೆಗಳ ಹೆಸರು ಕೇಳುತ್ತೇನೆ. ವಿಜ್ಞಾನದವನ ಚೀಲದಲ್ಲಿ ಪಂಚಾಂಗವೇ ಎಂದು ಗೆಳೆಯರು ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ. ಹಳ್ಳಿಗೆ ಟೆಲಿಸ್ಕೋಪ್ ಒಯ್ಯುವವರು ನೀವೂ ಒಂದು ಪಂಚಾಂಗ ಇಟ್ಟುಕೊಳ್ಳಿ, ಜೊತೆಗೆ ಒಂದು ಟಾರ್ಚ್.