ಚಾರಣ ಚೀಲದ ಪಟ್ಟಿ: ಕಿಲೋ ದರವೋ, ಮೀಟರ್ ದರವೋ?

ಚಾರಣದ ಬೆನ್ನುಚೀಲಗಳನ್ನು ತಯಾರಿಸುವ ಸಣ್ಣ ಘಟಕಗಳಲ್ಲಿ ಬಟ್ಟೆಯ ಆಯ್ಕೆಗೆ ದೊರೆಯುವಷ್ಟು ಗಮನ ಹೆಗಲಪಟ್ಟಿಗೆ ದೊರೆಯುವುದಿಲ್ಲ. ಪಟ್ಟಿಯನ್ನು ‘ಇತರೆ ಸಾಮಗ್ರಿ’ಯ ಲೆಕ್ಕಕ್ಕೆ ಸೇರಿಸಿ, ಕಿಲೋ ದರ ಕಡಿಮೆ ಹೇಳಿದವರಿಂದ ಖರೀದಿಸುವುದುಂಟು. ಚೀಲದ ಭಾರವೆಲ್ಲ ಬೀಳುವುದು ಮಾತ್ರ ಈ ಪಟ್ಟಿ ಹಾಗೂ ಅದರ ಹೊಲಿಗೆಯ ಮೇಲೆಯೇ.

ಬಳಕೆಯಲ್ಲಿರುವ ಮುಖ್ಯ ನಾರುಗಳು ನೈಲಾನ್, ಪಾಲಿಯೆಸ್ಟರ್ ಮತ್ತು ಪಾಲಿಪ್ರೊಪಿಲೀನ್. ಇವುಗಳ ಸಾಂದ್ರತೆ ಘನ ಸೆಂಟಿಮೀಟರಿಗೆ ಕ್ರಮವಾಗಿ ಸುಮಾರು 1.14, 1.38 ಮತ್ತು 0.91 ಗ್ರಾಂ. ಲೆಕ್ಕದ ಮರ್ಮ ಇಲ್ಲಿದೆ. ಅಗಲ, ದಪ್ಪ, ನೇಯ್ಗೆ ಒಂದೇ ಆಗಿದ್ದಲ್ಲಿ, 100 ಮೀಟರ್ ನೈಲಾನ್ ಪಟ್ಟಿಯ ತೂಕಕ್ಕೆ ಪಾಲಿಪ್ರೊಪಿಲೀನ್ ಸುಮಾರು 125 ಮೀಟರ್ ದೊರೆತರೆ, ಪಾಲಿಯೆಸ್ಟರ್ ದೊರೆಯುವುದು ಸುಮಾರು 83 ಮೀಟರ್ ಮಾತ್ರ. ಚೀಲಕ್ಕೆ ಬೇಕಾಗುವುದು ಮೀಟರೇ ಹೊರತು ಕಿಲೋ ಅಲ್ಲ. ಆದಕಾರಣ ದರಗಳನ್ನು ಮೀಟರಿಗೆ ಪರಿವರ್ತಿಸದೆ ಹೋಲಿಸುವುದು ನಿರರ್ಥಕ.

ಪಾಲಿಪ್ರೊಪಿಲೀನ್ ಹಗುರ, ನೀರನ್ನೂ ಹೀರದು. ಆದರೆ ನೇರಳಾತೀತ ಕಿರಣ ತಡೆಯುವ ರಾಸಾಯನಿಕ ಬೆರೆಸದಿದ್ದಲ್ಲಿ ಬಿಸಿಲಿಗೆ ಬೇಗನೆ ಶಿಥಿಲವಾಗುತ್ತದೆ. ಉಜ್ಜಾಟಕ್ಕೂ ಬೇಗ ಸವೆಯುತ್ತದೆ. ನೈಲಾನ್ ಸವೆತವನ್ನು ಚೆನ್ನಾಗಿ ತಾಳುತ್ತದೆ. ಆದರೆ ಗಾಳಿಯ ಸಾಮಾನ್ಯ ತೇವದಲ್ಲಿಯೇ ತನ್ನ ತೂಕದ ಶೇ. 4ರಷ್ಟು ನೀರನ್ನು ಹಿಡಿದಿಡುವ ಗುಣ ಇದರದು, ನೆನೆದಾಗ ಹಿಗ್ಗುತ್ತದೆ. ಪಶ್ಚಿಮ ಘಟ್ಟದ ಮಳೆಯಲ್ಲಿ ಪಟ್ಟಿ ಸಡಿಲವಾಯಿತೆಂದು ದೂರು ಬಂದಾಗ ಬಕಲನ್ನು ಮಾತ್ರ ದೂಷಿಸಿದರೆ ಸಾಲದು. ಪಾಲಿಯೆಸ್ಟರ್ ಹಿಡಿಯುವ ತೇವ ಶೇ. 0.4ರಷ್ಟೇ, ಬಿಸಿಲಿಗೂ ಅದು ನೈಲಾನಿಗಿಂತ ಹೆಚ್ಚು ಬಾಳುತ್ತದೆ. ಹೆಗಲು ಮತ್ತು ಸೊಂಟದ ಪಟ್ಟಿಗಳಿಗೆ ಇವೆರಡರಲ್ಲೊಂದನ್ನು ಆರಿಸಿ, ಪಾಲಿಪ್ರೊಪಿಲೀನನ್ನು ಭಾರ ಬೀಳದ ಕಡೆಗೆ ಸೀಮಿತಗೊಳಿಸುವುದು ಲೇಸು.

ನೈಲಾನ್ ಎಂಬ ಬಿಲ್ಲಿನೊಡನೆ ಪಾಲಿಪ್ರೊಪಿಲೀನ್ ಬಂದರೆ ಕಣ್ಣಿಗೆ ಸುಲಭವಾಗಿ ತಿಳಿಯದು. ಒಂದು ತುಂಡನ್ನು ಸಾಬೂನು ನೀರಿನಲ್ಲಿ ಹಿಂಡಿ, ಒಳಗಿನ ಗಾಳಿ ಹೊರಡಿಸಿ, ಬಕೆಟ್ ನೀರಿಗೆ ಬಿಡಬೇಕು. ಪಾಲಿಪ್ರೊಪಿಲೀನ್ ತೇಲುತ್ತದೆ, ಉಳಿದೆರಡು ಮುಳುಗುತ್ತವೆ. ಸರಕು ಇಳಿಸಿದ ದಿನವೇ ಈ ಪರೀಕ್ಷೆ ನಡೆಯಬೇಕು, ಹೊಲಿದ ಮೇಲಲ್ಲ. 1930ರ ಸರಕು ಮಾರಾಟ ಅಧಿನಿಯಮದ 15 ಮತ್ತು 17ನೇ ಪ್ರಕರಣಗಳ ಪ್ರಕಾರ ಸರಕು ಒಪ್ಪಿದ ವಿವರಣೆಗೆ, ಮಾದರಿಗೆ ಹೊಂದಿರತಕ್ಕದ್ದು. ಆದರೆ ಖರೀದಿ ಆದೇಶದಲ್ಲಿ ‘ಕಪ್ಪು ಪಟ್ಟಿ, 25 ಮಿ.ಮೀ.’ ಎಂದಷ್ಟೇ ಬರೆದವರು ಯಾವ ವಿವರಣೆಯನ್ನು ತೋರಿಸಿಯಾರು? ನಾರಿನ ಹೆಸರು, ಮೀಟರಿನ ತೂಕ, ಪಟ್ಟಿ ತಾಳಬೇಕಾದ ಕನಿಷ್ಠ ಭಾರ ಇವು ಆದೇಶದಲ್ಲಿರಬೇಕು. ಉಭಯರೂ ಒಪ್ಪಿದ ತುಂಡೊಂದು ಕಡತದಲ್ಲಿರಬೇಕು.

ಚೀಲವೊಂದಕ್ಕೆ 3 ಮೀಟರ್ ಪಟ್ಟಿ, ಮೀಟರಿಗೆ 4 ರೂ. ಉಳಿತಾಯ ಎಂದು ಭಾವಿಸಿದರೆ, 500 ಚೀಲಗಳಿಗೆ ಉಳಿಯುವುದು 6,000 ರೂ. ಚೀಲವೊಂದನ್ನು ಬದಲಿಸಿಕೊಡಲು 600 ರೂ. ತಗಲುವುದಾದಲ್ಲಿ, ಹತ್ತೇ ಚೀಲಗಳು ಮರಳಿ ಬಂದರೂ ಆ ಉಳಿತಾಯ ಅಳಿಸಿಹೋಗುತ್ತದೆ. ಖಾತರಿ ಕೊಟ್ಟು ಮಾರುವವರು ಇಂತಹ ನಿರೀಕ್ಷಿತ ವೆಚ್ಚಕ್ಕೆ ಲೆಕ್ಕಪತ್ರ ಮಾನದಂಡ 29ರ ಅನ್ವಯ ವರ್ಷಾಂತ್ಯದಲ್ಲಿಯೇ ಅವಕಾಶ ಕಲ್ಪಿಸಬೇಕಾಗುತ್ತದೆ. ಚೀಲಗಳು ಮರಳಿ ಬರುವವರೆಗೆ ಕಾಯುವಂತಿಲ್ಲ.