ಮುಖದ ಮುಕ್ಕಾಲು ಪಾಲು ಹಾಗೇ ಬಿಡಿ

ಬಸವನಗುಡಿಯ ಅಡ್ಡರಸ್ತೆಯೊಂದರಲ್ಲಿರುವ ನಮ್ಮ ಪಾರ್ಲರ್ ನಡೆಯುವುದು ಮದುಮಗಳ ಮೇಕಪ್ಪಿನ ದುಡ್ಡಿನಿಂದ. ಆದರೆ ಥ್ರೆಡ್ಡಿಂಗಿಗೆ ಬಂದು ಕೂತ ಬ್ಯಾಂಕಿನವರು, ಶಾಲೆಯ ಮೇಡಂಗಳು, ಐಟಿ ಕಂಪನಿಯ ಹುಡುಗಿಯರು ಕೇಳುವುದೇ ಬೇರೆ. "ಅಕ್ಕಾ, ಮೇಕಪ್ ಮಾಡ್ಕೊಂಡಿದೀನಿ ಅಂತ ಯಾರಿಗೂ ಗೊತ್ತಾಗ್ಬಾರ್ದು, ಮುಖ ಮಾತ್ರ ಫ್ರೆಶ್ಶಾಗಿ ಕಾಣ್ಬೇಕು. ಐದು ನಿಮಿಷದಲ್ಲಿ ಆಗೋ ಹಾಗೆ ಏನಾದ್ರೂ ಹೇಳಿ." ಮದುವೆ ಮೇಕಪ್ಪಿನ ವಿದ್ಯೆ ಇದಕ್ಕೆ ಅಷ್ಟಾಗಿ ಒದಗುವುದಿಲ್ಲ. ಅಲ್ಲಿ ಹಚ್ಚುವುದು ವಿಡಿಯೋ ಲೈಟಿಗಾಗಿ. ಇಲ್ಲಿ ನೋಡುವವರು ಎರಡಡಿ ದೂರದಲ್ಲಿ, ಪಕ್ಕದ ಕುರ್ಚಿಯಲ್ಲಿ ಕೂತಿರುತ್ತಾರೆ. ಅವರಿಗೆ ನಾನು ಹೇಳುತ್ತ ಬಂದದ್ದು ಇಷ್ಟು.

1. ಸನ್‌ಸ್ಕ್ರೀನ್ ಬಿಟ್ಟು ಮುಖದ ತುಂಬ ಏನನ್ನೂ ಬಳಿಯಬೇಡಿ. ಬೇರೆಲ್ಲ ಪಾಠ ಮರೆತರೂ ಇದೊಂದು ನೆನಪಿದ್ದರೆ ಸಾಕು. ಚರ್ಮ ಚರ್ಮದ ಹಾಗೆ ಕಾಣಬೇಕಾದರೆ ಅದರ ಬಹುಪಾಲು ಬರಿದಾಗಿಯೇ ಇರಬೇಕು. ಕನ್ನಡಿಯನ್ನು ಕಿಟಕಿಯ ಹತ್ತಿರ ಹಿಡಿದು ನೋಡಿ: ಕೆನ್ನೆ, ಹಣೆಯ ನಡುಭಾಗ, ದವಡೆ ಸಾಮಾನ್ಯವಾಗಿ ತಮ್ಮ ಪಾಡಿಗೆ ಚೆನ್ನಾಗಿಯೇ ಇರುತ್ತವೆ. ಬಣ್ಣ ಬೇರೆಯಾಗಿರುವುದು ನಾಲ್ಕೇ ಕಡೆ: ಕಣ್ಣಿನ ಕೆಳಗೆ, ಮೂಗಿನ ಹೊಳ್ಳೆಗಳ ಅಂಚಿನಲ್ಲಿ, ತುಟಿಯ ಸುತ್ತ, ಮತ್ತೆ ಮೊಡವೆ ವಾಸಿಯಾಗಿ ಕಲೆ ಉಳಿದಲ್ಲಿ. ಕನ್ಸೀಲರ್ ಅಲ್ಲಿಗೆ ಮಾತ್ರ.

ಕಣ್ಣಿನ ಕೆಳಗೆ ಹಚ್ಚುವಾಗ ರೆಪ್ಪೆಯ ಅಂಚಿನಿಂದ ಕೆನ್ನೆಯ ತನಕ ತ್ರಿಕೋನ ಎಳೆಯುವುದನ್ನು ವಿಡಿಯೋಗಳಲ್ಲಿ ನೋಡಿರುತ್ತೀರಿ. ಅಷ್ಟು ಬೇಡ. ಮೂಗಿನ ಪಕ್ಕ ಕಣ್ಣಿನ ಒಳಮೂಲೆಯಲ್ಲಿ ಒಂದು ಸಣ್ಣ ಗುಳಿ ಇರುತ್ತದೆ, ಆಯಾಸವೆಲ್ಲ ಕಾಣುವುದು ಅಲ್ಲೇ. ಅಲ್ಲಿ ಒಂದು ಚುಕ್ಕಿ, ಕಣ್ಣಿನ ಹೊರಮೂಲೆಯಲ್ಲಿ ಅದರ ಅರ್ಧದಷ್ಟು. ಹಚ್ಚಿದ ಕೂಡಲೇ ತೀಡಬೇಡಿ, ಅರ್ಧ ನಿಮಿಷ ಬಿಡಿ. ಸ್ವಲ್ಪ ಒಣಗಿದ ಕನ್ಸೀಲರ್ ಕಡಿಮೆ ಹಚ್ಚಿದರೂ ಚೆನ್ನಾಗಿ ಮುಚ್ಚುತ್ತದೆ. ಆಮೇಲೆ ಉಂಗುರದ ಬೆರಳಿನಿಂದ, ಇಡ್ಲಿ ಬೆಂದಿದೆಯಾ ಎಂದು ಮುಟ್ಟಿ ನೋಡುವಷ್ಟೇ ಮೆಲ್ಲಗೆ, ಅಂಚನ್ನು ಮಾತ್ರ ತಟ್ಟಿ ಕರಗಿಸಿ. ನಡುವೆ ಕೈಯಾಡಿಸಿದರೆ ಹಚ್ಚಿದ್ದೆಲ್ಲ ಬೆರಳಿಗೆ ಬರುತ್ತದೆ. ಈ ಕೆಲಸಕ್ಕೆ ಬ್ರಷ್ಷಿಗಿಂತ ಬೆರಳೇ ವಾಸಿ. ಮೈಯ ಬಿಸಿಗೆ ಕ್ರೀಮು ಮೆತ್ತಗಾಗಿ ಚರ್ಮದಲ್ಲಿ ಬೆರೆಯುತ್ತದೆ.

2. ಶೇಡ್ ಹುಡುಕುವಾಗ ಕೈಯ ಹಿಂಭಾಗ ನೋಡಬೇಡಿ. ಕೈಯ ಬಣ್ಣಕ್ಕೂ ಮುಖದ ಬಣ್ಣಕ್ಕೂ ಸಂಬಂಧವಿಲ್ಲ. ದವಡೆಯ ಅಂಚಿನಲ್ಲಿ, ಅರ್ಧ ಕತ್ತಿನ ಕಡೆಗೆ ಬರುವಂತೆ ಒಂದು ಗೆರೆ ಎಳೆದು, ಅಂಗಡಿಯಿಂದ ಹೊರಗೆ ಬಂದು ಬಿಸಿಲಿನ ಬೆಳಕಲ್ಲಿ ನೋಡಿ. ಹದಿನೈದು ಇಪ್ಪತ್ತು ನಿಮಿಷ ಬಿಟ್ಟು ಇನ್ನೊಮ್ಮೆ ನೋಡಿ, ಏಕೆಂದರೆ ಹಲವು ಫೌಂಡೇಶನ್‌ಗಳು ಮುಖದ ಜಿಡ್ಡಿನೊಂದಿಗೆ ಸೇರಿ ಸ್ವಲ್ಪ ಕಪ್ಪಾಗುತ್ತವೆ. ಮಾಲಿನ ಕೌಂಟರಿನ ಹುಡುಗಿ ಅವಸರ ಮಾಡಿದರೆ, "ಒಂದು ಕಾಫಿ ಕುಡ್ಕೊಂಡು ಬರ್ತೀನಿ" ಎಂದು ಹೇಳಿ ಹೊರಟುಬಿಡಿ.

ನಮ್ಮವರಲ್ಲಿ ಅನೇಕರಿಗೆ ಹಣೆ ಕೆನ್ನೆಗಿಂತ ಕಪ್ಪು, ಕತ್ತು ಇನ್ನೊಂದು ಬಣ್ಣ. ಯಾವುದಕ್ಕೆ ಹೊಂದಿಸುವುದು? ಕತ್ತಿಗೆ. ಮುಖ ಒಂದು ಬಣ್ಣ, ಕತ್ತು ಇನ್ನೊಂದು ಬಣ್ಣವಾಗಿ ಕಂಡರೆ ಗುಟ್ಟೆಲ್ಲ ರಟ್ಟು.

3. ಒಂದು ಶೇಡ್ ಬೆಳ್ಳಗೆ ಕೊಳ್ಳುವ ಆಸೆಯನ್ನು ಅಂಗಡಿಯ ಬಾಗಿಲಲ್ಲೇ ಬಿಡಿ. "ಒಂಚೂರು ಬೆಳ್ಳಗೆ ಮಾಡಮ್ಮ" ಎನ್ನುವ ತಾಯಂದಿರ ಮಾತು ನನಗೆ ಹೊಸದಲ್ಲ. 1975ರಲ್ಲಿ ಬಂದ ಫೇರ್ ಅಂಡ್ ಲವ್ಲಿ 2020ರಲ್ಲಿ ಹೆಸರು ಬದಲಿಸಿಕೊಂಡು ಗ್ಲೋ ಅಂಡ್ ಲವ್ಲಿ ಆಯಿತು. ಆಸೆ ಮಾತ್ರ ಹೆಸರು ಬದಲಿಸಿಕೊಂಡಿಲ್ಲ. ಎಣ್ಣೆಗೆಂಪು ಮುಖಕ್ಕೆ ಬಿಳಿ ಹೆಚ್ಚಿರುವ ಫೌಂಡೇಶನ್ ಹಚ್ಚಿದರೆ ಅದು ಬೆಳ್ಳಗಾಗುವುದಿಲ್ಲ, ಬೂದಿ ಬಣ್ಣಕ್ಕೆ ತಿರುಗುತ್ತದೆ. ಜೊತೆಗೆ ಜ್ವರದಿಂದ ಎದ್ದು ಬಂದ ಕಳೆ. ನಮ್ಮ ಮೈಬಣ್ಣದ ತಳದಲ್ಲಿ ಅರಿಶಿನದ ಛಾಯೆಯೋ ಸ್ವಲ್ಪ ಹಸಿರು ಕಲೆತ ಛಾಯೆಯೋ ಇರುವುದು ಹೆಚ್ಚು, ಗುಲಾಬಿ ಛಾಯೆ ಕಡಿಮೆ. ಗುಲಾಬಿ ತಳದ ಶೇಡುಗಳು ನಮ್ಮ ಮುಖದ ಮೇಲೆ ಬೇರೆಯಾಗಿ ತೇಲುವುದು ಅದಕ್ಕೇ.

ಮೊದಲೆಲ್ಲ ಸಿಗುತ್ತಿದ್ದದ್ದೇ ಬೆರಳೆಣಿಕೆಯ ಶೇಡುಗಳು, ಇದ್ದುದರಲ್ಲಿ ಹೊಂದಿಸಿಕೊಳ್ಳಬೇಕಿತ್ತು. 2017ರಲ್ಲಿ ಗಾಯಕಿ ರಿಹಾನ್ನಾ ತಮ್ಮ ಫೆಂಟಿ ಬ್ಯೂಟಿಯಲ್ಲಿ ಒಟ್ಟಿಗೇ 40 ಶೇಡುಗಳ ಫೌಂಡೇಶನ್ ತಂದ ಮೇಲೆ ಉಳಿದ ಕಂಪನಿಗಳೂ ಕಪ್ಪು, ಕಂದು ಮೈಬಣ್ಣದ ಕಡೆ ಕಣ್ಣು ಹಾಯಿಸಿದವು. ಈಗ ನಮ್ಮ ಬಣ್ಣ ಸಿಗುವುದಿಲ್ಲ ಎನ್ನುವ ನೆಪವಿಲ್ಲ. ಸಿಗದಿದ್ದರೂ ಎರಡು ಶೇಡ್ ಬೆರೆಸಿಕೊಂಡರಾಯಿತು, ನಾವು ಪಾರ್ಲರಿನಲ್ಲಿ ಮಾಡುವುದೂ ಅದನ್ನೇ.

4. ಕಣ್ಣಿನ ಕೆಳಗಿನ ಕಪ್ಪಿಗೆ ಮೊದಲು ಕಿತ್ತಳೆ, ಆಮೇಲೆ ಕನ್ಸೀಲರ್. ಕಪ್ಪಿನ ಮೇಲೆ ನೇರವಾಗಿ ತಿಳಿ ಬಣ್ಣದ ಕನ್ಸೀಲರ್ ಹಚ್ಚಿದರೆ ಕಣ್ಣಿನ ಕೆಳಗೆ ಬೂದು ಬಣ್ಣದ ಎರಡು ಚಂದ್ರ ಮೂಡುತ್ತವೆ. ಅಲ್ಲಿಯ ಕಪ್ಪಿನೊಳಗೆ ನೀಲಿ ಇರುತ್ತದೆ, ನೀಲಿಯನ್ನು ಅಳಿಸುವುದು ಕಿತ್ತಳೆ. ಚಿತ್ರಕಲೆಯ ತರಗತಿಯಲ್ಲಿ ಕೂತವರಿಗೆಲ್ಲ ಇದು ಗೊತ್ತು. ಗೋಧಿ ಬಣ್ಣದವರಿಗೆ ಪೀಚ್, ಕಪ್ಪು ಬಣ್ಣದವರಿಗೆ ಗಾಢ ಕಿತ್ತಳೆ. ಅಕ್ಕಿ ಕಾಳಿನಷ್ಟು ಸಾಕು. ಇದು ಸರಿಯಾಗಿ ಕೂತರೆ ಎಷ್ಟೋ ದಿನ ಕನ್ಸೀಲರೇ ಬೇಕಾಗುವುದಿಲ್ಲ. ಕಿತ್ತಳೆ ಲಿಪ್‌ಸ್ಟಿಕ್ಕನ್ನೇ ಕಣ್ಣಿನ ಕೆಳಗೆ ಹಚ್ಚುವ ಉಪಾಯವನ್ನು ಕೆಲವರು ಹೇಳಿಕೊಡುತ್ತಾರೆ. ತುಟಿಗೆಂದು ಮಾಡಿದ ಬಣ್ಣ ಕಣ್ಣಿನ ತೆಳು ಚರ್ಮಕ್ಕೆ ಒಗ್ಗಲೇಬೇಕೆಂದೇನಿಲ್ಲ. ನಾನಂತೂ ಹಚ್ಚುವುದಿಲ್ಲ.

5. ಸನ್‌ಸ್ಕ್ರೀನೇ ದಿನದ ಮೇಕಪ್ಪಿನ ತಳಪಾಯ. ಫೌಂಡೇಶನ್ನಿನಲ್ಲೇ ಎಸ್‌ಪಿಎಫ್ ಇದೆಯಲ್ಲ, ಬೇರೆ ಯಾಕೆ ಎಂದು ಕೇಳುವವರು ಬಹಳ. ಡಬ್ಬಿಯ ಮೇಲಿನ ಎಸ್‌ಪಿಎಫ್ ಅಳೆಯುವುದು ಚರ್ಮದ ಪ್ರತಿ ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ ಹಚ್ಚಿ. ಮುಖ, ಕತ್ತಿಗೆ ಸೇರಿ ಲೆಕ್ಕ ಹಾಕಿದರೆ ತೋರುಬೆರಳು, ನಡುಬೆರಳು ಎರಡರ ಉದ್ದಕ್ಕೂ ಎಳೆದಷ್ಟು ಬೇಕು. ಅಷ್ಟು ಫೌಂಡೇಶನ್ ಹಚ್ಚಿಕೊಂಡು ಆಫೀಸಿಗೆ ಹೋಗುವವರು ಯಾರಿದ್ದಾರೆ? 30ಕ್ಕೂ 50ಕ್ಕೂ ಇರುವ ವ್ಯತ್ಯಾಸಕ್ಕೆ ಹೆಚ್ಚು ತಲೆ ಕೆಡಿಸಿಕೊಳ್ಳಬೇಡಿ. ಮೊದಲನೆಯದು ಸುಡುವ ಯುವಿಬಿ ಕಿರಣದ ಸುಮಾರು 97 ಭಾಗ ತಡೆದರೆ ಎರಡನೆಯದು 98 ಭಾಗ. 50 ತಂದು ಕಡಲೆ ಕಾಳಿನಷ್ಟು ಹಚ್ಚುವುದಕ್ಕಿಂತ 30 ತಂದು ಧಾರಾಳವಾಗಿ ಹಚ್ಚುವುದು ಮೇಲು.

ಬಂಗು ಇರುವವರಿಗೆ ಇನ್ನೊಂದು ಮಾತು. ಬಂಗನ್ನು ಕೆರಳಿಸುವುದು ಯುವಿ ಕಿರಣ ಮಾತ್ರವಲ್ಲ, ಕಣ್ಣಿಗೆ ಕಾಣುವ ಬೆಳಕಿನಿಂದಲೂ, ಅದರಲ್ಲೂ ನಮ್ಮಂಥ ಕಂದು ಚರ್ಮದಲ್ಲಿ, ಅದು ಹೆಚ್ಚುತ್ತದೆ. ಬಣ್ಣವಿಲ್ಲದ ಸನ್‌ಸ್ಕ್ರೀನ್ ಆ ಬೆಳಕನ್ನು ಅಷ್ಟಾಗಿ ತಡೆಯುವುದಿಲ್ಲ. ಐರನ್ ಆಕ್ಸೈಡ್ ಬೆರೆಸಿದ, ಚರ್ಮದ ಬಣ್ಣದ ಟಿಂಟೆಡ್ ಸನ್‌ಸ್ಕ್ರೀನ್ ತಡೆಯುತ್ತದೆ. ಅದೇ ಮುಖದ ಬಣ್ಣವನ್ನೂ ಒಂದಿಷ್ಟು ಸಮ ಮಾಡುವುದರಿಂದ ಫೌಂಡೇಶನ್ನಿನ ಖರ್ಚು ಉಳಿಯಿತು. ಬರೀ ಜಿಂಕ್ ಆಕ್ಸೈಡಿನ ಸನ್‌ಸ್ಕ್ರೀನ್ ಕಪ್ಪು ಮುಖದ ಮೇಲೆ ಬಿಳಿ ಪೊರೆಯಾಗಿ ನಿಲ್ಲುತ್ತದೆಂದು ದೂರುವವರಿಗೂ ಇದೇ ದಾರಿ.

ಹಚ್ಚಿದ ಮೇಲೆ ತಿಂಡಿ ಮುಗಿಸಿ ಬನ್ನಿ. ಹಸಿ ಸನ್‌ಸ್ಕ್ರೀನ್ ಮೇಲೆ ಕನ್ಸೀಲರ್ ಉಜ್ಜಿದರೆ ರಬ್ಬರಿನಿಂದ ಅಳಿಸಿದಾಗ ಬರುವಂಥ ಎಳೆ ಎಳೆ ಏಳುತ್ತದೆ.

6. ಪೌಡರ್ ಮೂಗಿಗೆ ಹಾಕಿ, ಕೆನ್ನೆಗೆ ಬೇಡ. ನಮ್ಮ ಅಮ್ಮಂದಿರು ಟಾಲ್ಕಂ ಪೌಡರನ್ನು ಅಂಗೈಗೆ ಸುರಿದುಕೊಂಡು ಮುಖಕ್ಕೆಲ್ಲ ತಿಕ್ಕುತ್ತಿದ್ದರು. ಒಂಬತ್ತೂವರೆಗೆ ಬಸ್ಸು ಹತ್ತಿ ಬೆವರಿದರೆ ಅದು ಕತ್ತಿನ ಮಡಿಕೆಯಲ್ಲಿ ಬಿಳಿ ಗೆರೆಯಾಗಿ ಕೂರುತ್ತಿತ್ತು. ಮೂಗು, ಅದರ ಎರಡು ಪಕ್ಕ, ಗಲ್ಲದ ಮೇಲೆ ಸ್ವಲ್ಪ: ಇಷ್ಟಕ್ಕೆ ಬಣ್ಣವಿಲ್ಲದ ಪೌಡರನ್ನು ಒತ್ತಿ. ಕೆನ್ನೆಯ ಮೇಲ್ಭಾಗದ ಹೊಳಪು ಹಾಗೇ ಇರಲಿ, ಜೀವಂತ ಚರ್ಮ ಹೊಳೆಯುತ್ತದೆ. ಮಧ್ಯಾಹ್ನ ಮುಖ ಜಿಡ್ಡಾದರೆ ಮೊದಲು ಟಿಶ್ಯೂ ಇಟ್ಟು ಒತ್ತಿ ಜಿಡ್ಡು ತೆಗೆಯಿರಿ, ಆಮೇಲೆ ಬೇಕೆನಿಸಿದರೆ ಕಾಂಪ್ಯಾಕ್ಟ್. ಜಿಡ್ಡಿನ ಮೇಲೇ ಕಾಂಪ್ಯಾಕ್ಟ್ ಒತ್ತುತ್ತ ಹೋದರೆ ಸಂಜೆಯ ಹೊತ್ತಿಗೆ ಮುಖದ ಮೇಲೆ ಹಿಟ್ಟು ಕಲಸಿದಂತೆ.

ಊರು ನೋಡಿಯೂ ಲೆಕ್ಕ ಬದಲಾಗುತ್ತದೆ. ಮಂಗಳೂರಿನಲ್ಲಿ ಪೌಡರ್ ಇಲ್ಲದೆ ಆಗದು. ಬೆಂಗಳೂರಿನ ಜನವರಿಯಲ್ಲಿ ಪೌಡರ್ ಹಾಕಿದರೆ ಮೂಗಿನ ಪಕ್ಕ ಸಿಪ್ಪೆ ಏಳುತ್ತದೆ, ಆಗ ಮಾಯಿಶ್ಚರೈಸರ್ ಸಾಕು. ಕಲಬುರ್ಗಿಯ ಮೇ ತಿಂಗಳಿಗೆ ಸನ್‌ಸ್ಕ್ರೀನ್, ಕಾಡಿಗೆ, ತುಟಿಗೆ ಬಣ್ಣ ಅಷ್ಟೇ. ಅದಕ್ಕಿಂತ ಹೆಚ್ಚು ಹಚ್ಚಿದರೆ ಹಚ್ಚಿದ್ದು ಕರವಸ್ತ್ರದ ಪಾಲು.

7. ತುಟಿಗೂ ಕೆನ್ನೆಗೂ ಒಂದೇ ಕಡ್ಡಿ. ಕ್ರೀಮಿನಂಥ ಲಿಪ್‌ಸ್ಟಿಕ್ಕನ್ನು ಬೆರಳ ತುದಿಗೆ ತೆಗೆದುಕೊಂಡು ಕೆನ್ನೆಯ ಮೂಳೆಯ ಮೇಲೆ ತಟ್ಟಿ. ಎರಡು ಕಡೆಯೂ ಒಂದೇ ಬಣ್ಣವಿದ್ದಾಗ ರಕ್ತವೇ ಆ ಬಣ್ಣದ್ದು ಎನ್ನುವ ಹಾಗೆ ಸಹಜವಾಗಿ ಕಾಣುತ್ತದೆ. ನಮ್ಮ ಮೈಬಣ್ಣಕ್ಕೆ ಇಟ್ಟಿಗೆ ಕೆಂಪು, ನೇರಳೆ ಕಲೆತ ಕಂದು, ಮಾಗಿದ ಗುಲಾಬಿ. ತಿಳಿ ಬೇಬಿ ಪಿಂಕ್ ಸುಣ್ಣದಂತೆ ಎದ್ದು ನಿಲ್ಲುತ್ತದೆ. ನಗುವಾಗ ಉಬ್ಬುವ ಜಾಗಕ್ಕೇ ಹಚ್ಚಿದರೆ ನಗು ನಿಂತಾಗ ಬಣ್ಣ ಕೆಳಗಿಳಿದು ಕೂರುತ್ತದೆ. ಅದಕ್ಕಿಂತ ಒಂದು ಬೆರಳು ಮೇಲೆ, ಕಿವಿಯ ಕಡೆಗೆ ಹಚ್ಚಿ.

8. ಹುಬ್ಬಿಗೆ ಕಪ್ಪು ಪೆನ್ಸಿಲ್ ಬೇಡ, ಗಾಢ ಕಂದು ಸಾಕು. ಅದೂ ಕೂದಲಿಲ್ಲದ ಸಂದಿಗಳಿಗೆ ಮಾತ್ರ.

9. ಕಾಡಿಗೆ ಮೇಲಿನ ರೆಪ್ಪೆಗೆ. ಕೆಳಗಿನ ರೆಪ್ಪೆಗೆ ತೀಡಿದ್ದು ಮಧ್ಯಾಹ್ನದೊಳಗೆ ಇಳಿದು, ನಾವು ಬೆಳಿಗ್ಗೆ ಮುಚ್ಚಿಟ್ಟ ಕಪ್ಪನ್ನು ಮತ್ತೆ ತಂದು ಕೂರಿಸುತ್ತದೆ. ಮೇಲಿನ ರೆಪ್ಪೆಯ ಕೂದಲಿನ ಬುಡಕ್ಕೆ ಒತ್ತಿ ಎಳೆದರೆ ಕಣ್ಣು ದೊಡ್ಡದಾಗಿ ಕಾಣುತ್ತದೆ, ಕಾಡಿಗೆ ಇದೆಯೆಂದು ಗೊತ್ತಾಗುವುದಿಲ್ಲ. ಹರಳೆಣ್ಣೆ ದೀಪದ ಮಸಿಗೆ ತುಪ್ಪ ಕಲಸಿದ ಮನೆಯ ಕಾಡಿಗೆಯ ಮೇಲೆ ನನಗೂ ಮಮತೆಯಿದೆ, ಆದರೆ ಅದು ಜಿಡ್ಡು, ಇಳಿಯದೆ ಇರದು. ಸಂತೆ, ಜಾತ್ರೆಗಳಲ್ಲಿ ಹೆಸರು ವಿಳಾಸವಿಲ್ಲದ ಡಬ್ಬಿಯಲ್ಲಿ ಸಿಗುವ ಸುರ್ಮಾ ಮಾತ್ರ ಕೊಳ್ಳಲೇಬೇಡಿ. ಅದರಲ್ಲಿ ಸೀಸದ ಅದಿರಿನ ಪುಡಿ ಇರಬಹುದು. ಮಕ್ಕಳ ಕಣ್ಣಿಗಂತೂ ದೂರದ ಮಾತು.

10. ಹಣೆಯ ಸ್ಟಿಕ್ಕರ್ ಕಿತ್ತ ಜಾಗ ನೋಡಿಕೊಳ್ಳಿ. ಕೆಲವು ಬಿಂದಿಗಳ ಅಂಟಿನಲ್ಲಿ ಪ್ಯಾರಾ ಟರ್ಷಿಯರಿ ಬ್ಯುಟೈಲ್ ಫೀನಾಲ್ ಎಂಬ ರಾಸಾಯನಿಕ ಇರುತ್ತದೆ. ಅದು ಒಗ್ಗದವರಿಗೆ ಸ್ಟಿಕ್ಕರಿನಷ್ಟೇ ಅಗಲದ ಬಿಳಿ ಮಚ್ಚೆ ಮೂಡುತ್ತದೆ. ಮೊದಲು ತುರಿಕೆ, ಆಮೇಲೆ ಬಣ್ಣ ಹೋಗುವುದು. ಎಷ್ಟೋ ಜನ ಮಚ್ಚೆ ಕಾಣದಿರಲಿ ಎಂದು ಇನ್ನೂ ದೊಡ್ಡ ಬಿಂದಿ ಇಡುತ್ತಾರೆ. ಕಿತ್ತೆಸೆದು, ಚರ್ಮದ ಡಾಕ್ಟರ ಹತ್ತಿರ ಹೋಗಿ. ಐಲೈನರಿನಿಂದ ಸಣ್ಣ ಬೊಟ್ಟು ಬರೆದುಕೊಂಡರೆ ಅಂಟಿನ ಕಾಟವಿಲ್ಲ.

11. ಮೆಡಿಕಲ್ ಸ್ಟೋರಿನ "ಬೆಳ್ಳಗಾಗೋ ಕ್ರೀಮ್" ಹಚ್ಚುವವರಿಗೆ ನಾನು ಮೇಕಪ್ ಹೇಳಿಕೊಡುವುದಿಲ್ಲ, ಮೊದಲು ಟ್ಯೂಬ್ ತಂದು ತೋರಿಸಿ ಎನ್ನುತ್ತೇನೆ. ಮೊಮೆಟಾಸೋನ್, ಬೀಟಾಮೆಥಾಸೋನ್, ಕ್ಲೊಬೆಟಾಸಾಲ್ ಎಂದು ಬರೆದಿದ್ದರೆ ಅದು ಸ್ಟೀರಾಯ್ಡ್. ಶುರುವಿನಲ್ಲಿ ಮುಖ ತಿಳಿಯಾಗುತ್ತದೆ. ತಿಂಗಳುಗಟ್ಟಲೆ ಹಚ್ಚಿದರೆ ಚರ್ಮ ತೆಳ್ಳಗಾಗಿ, ಕೆಂಪು ನರಗಳು ಕಾಣಿಸಿ, ಗಲ್ಲದ ಮೇಲೆ ಕೂದಲು ಬೆಳೆದು, ಬಿಸಿಲಿಗೆ ಹೋದರೆ ಉರಿ. ನಿಲ್ಲಿಸಿದರೆ ಇನ್ನೂ ಕೆರಳುತ್ತದೆ, ಹಾಗಾಗಿ ನಿಲ್ಲಿಸುವುದೂ ಡಾಕ್ಟರ ಸಲಹೆಯಂತೆಯೇ ಆಗಬೇಕು. ಅಂಥ ಮುಖದ ಮೇಲೆ ಯಾವ ಕನ್ಸೀಲರೂ ನಿಲ್ಲುವುದಿಲ್ಲ.

12. ದುಡ್ಡು ಎಲ್ಲಿ ಹಾಕಬೇಕು ಎಂದು ಕೊನೆಗೆ ಎಲ್ಲರೂ ಕೇಳುತ್ತಾರೆ. ಸನ್‌ಸ್ಕ್ರೀನಿಗೆ ಮತ್ತು ಸರಿಯಾದ ಶೇಡಿನ ಕನ್ಸೀಲರಿಗೆ. ಲಿಪ್‌ಸ್ಟಿಕ್, ಹುಬ್ಬಿನ ಪೆನ್ಸಿಲ್ ಕಡಿಮೆ ಬೆಲೆಯದ್ದೂ ನಡೆಯುತ್ತದೆ. ನಾದಿನಿ ದುಬೈಯಿಂದ ತಂದುಕೊಟ್ಟ ಐಷಾಡೋ ಪ್ಯಾಲೆಟ್ ಬೀರುವಿನಲ್ಲೇ ಇರಲಿ, ಅದು ದಿನದ ಬಳಕೆಗಲ್ಲ. ಕೊಂಡದ್ದರ ಹಿಂದೆ ಮುಚ್ಚಳ ತೆರೆದ ಡಬ್ಬಿಯ ಸಣ್ಣ ಚಿತ್ರವಿದ್ದು ಅದರೊಳಗೆ 6ಎಂ, 12ಎಂ ಎಂದಿದ್ದರೆ, ತೆರೆದ ಮೇಲೆ ಅಷ್ಟು ತಿಂಗಳು ಬಳಸಬಹುದು ಎಂದರ್ಥ. ತೆರೆದ ದಿನವನ್ನು ಮಾರ್ಕರಿನಲ್ಲಿ ಡಬ್ಬಿಯ ತಳಕ್ಕೆ ಬರೆದಿಡಿ. ಮಸ್ಕರಾ ಇದ್ದರೆ ಅದಕ್ಕೆ ಮೂರರಿಂದ ಆರು ತಿಂಗಳು, ಅಷ್ಟರೊಳಗೆ ಮುಗಿಯದಿದ್ದರೂ ಎಸೆಯಿರಿ. ಕಣ್ಣಿಗೆ ಹಚ್ಚುವುದನ್ನು ಅಕ್ಕ ತಂಗಿ ಎಂದು ಹಂಚಿಕೊಳ್ಳಬೇಡಿ.